ಸಿನಿಮಾ ಆರಿಸೋದೂ ಒಂದು ಕೆಲಸನಾ? ಬುಸಾನ್‌ನ ಕಿಮ್ ಜಿ-ಸೊಕ್ ಬಗ್ಗೆ ಗೊತ್ತಿದ್ದವರು ಹೇಳಿ

ಕೊಪ್ಪಳದ_ಹುಡುಗ
ಒಂದು ಪ್ರಶ್ನೆ ಇದೆ. ಸ್ವಲ್ಪ ಉದ್ದ, ಬೈಬೇಡಿ.

ನಮ್ಮ ಜಿಲ್ಲೆಯ ಯರೇಹಂಚಿನಾಳದಲ್ಲಿ ಆರೋಗ್ಯದ ಪುಡಿ ಮಾರುವ ಹೆಂಗಸಿನ ಕಥೆ ಇರುವ 'ಶಿವಮ್ಮ' ಸಿನಿಮಾ 2022ರಲ್ಲಿ ಕೊರಿಯಾದ ಬುಸಾನ್ ಚಿತ್ರೋತ್ಸವಕ್ಕೆ ಹೋಗಿ 'ನ್ಯೂ ಕರೆಂಟ್ಸ್' ಪ್ರಶಸ್ತಿ ತಂದಿತ್ತಲ್ಲ. ನಾನು ನೋಡಿದ್ದು ಮಾತ್ರ 2024ರಲ್ಲಿ, ಥಿಯೇಟರ್‌ಗೆ ಬಂದ ಮೇಲೆ. ಮನೆಗೆ ಬಂದು ಅಪ್ಪನ ಮುಂದೆ ಅದನ್ನೇ ಹೇಳುತ್ತಿದ್ದೆ. ಅಪ್ಪ ಕೇಳಿದ್ದು ಒಂದೇ ಮಾತು: "ಅಲ್ಲಪಾ, ಕೊಪ್ಪಳದಾಗಿನ ಮಂದಿಗೇ ಆ ಊರು ಸರಿಯಾಗಿ ಗೊತ್ತಿಲ್ಲ. ಕೊರಿಯಾದಾಗ ಕುಂತವರಿಗೆ ಯಾರು ತೋರಿಸಿದ್ರು?"

ಉತ್ತರ ಹುಡುಕುತ್ತಾ ಹೋದಾಗ ಸಿಕ್ಕ ಹೆಸರು ಕಿಮ್ ಜಿ-ಸೊಕ್. 1996ರಲ್ಲಿ ಆ ಉತ್ಸವ ಶುರು ಮಾಡಿದವರಲ್ಲಿ ಒಬ್ಬರು. ಏಷ್ಯಾದ ಸಿನಿಮಾ ಹುಡುಕಿ ತರುವುದು ಅವರ ಪಾಲಿನ ಕೆಲಸ. 'ಶಿವಮ್ಮ'ನನ್ನು ಆರಿಸಿದ್ದು ಅವರಲ್ಲ, ಅಷ್ಟೊತ್ತಿಗೆ ತೀರಿಹೋಗಿದ್ದರು. 2017ರ ಮೇ 18ರಂದು ಫ್ರಾನ್ಸಿನ ಕಾನ್ ಚಿತ್ರೋತ್ಸವಕ್ಕೆ ಹೋಗಿದ್ದಾಗ ಅಲ್ಲೇ ಹೃದಯಾಘಾತವಾಯಿತಂತೆ. ಅವರಿಗಾಗಿ ಎಷ್ಟೊಂದು ದೇಶದ ನಿರ್ದೇಶಕರು ದುಃಖಪಟ್ಟು ಬರೆದಿದ್ದಾರೆ! ಇವರು ನಟ ಅಲ್ಲ, ನಿರ್ದೇಶಕ ಅಲ್ಲ, ದುಡ್ಡು ಹಾಕುವ ಧಣಿಯೂ ಅಲ್ಲ. ಪ್ರೋಗ್ರಾಮರ್. ನಾನು ಮೊದಲು ಕಂಪ್ಯೂಟರಿನವರು ಅಂದುಕೊಂಡಿದ್ದೆ.

ಈಗ ಪ್ರಶ್ನೆ. ಸಿನಿಮಾ ನೋಡಿ ಆರಿಸುವುದರಲ್ಲಿ ಅಂಥ ಘನಂದಾರಿ ಕೆಲಸ ಏನಿದೆ? ವ್ಯಂಗ್ಯ ಮಾಡ್ತಿಲ್ಲ. ನಮ್ಮ ಚಿಕ್ಕಮ್ಮನ ಮಗಳು ಎಂಎ ಮುಗಿಸಿ ಇದೇ ಲೈನಿಗೆ ಹೋಗ್ತೀನಿ ಅಂತಿದ್ದಾಳೆ. ಮನೆಯಲ್ಲಿ ಯಾರಿಗೂ ತಲೆಬುಡ ಗೊತ್ತಾಗ್ತಿಲ್ಲ.

ಸುಮ್ನೆ_ಕೇಳ್ದೆ
ಪುಕ್ಕಟೆ ಪಿಚ್ಚರ್, ಪುಕ್ಕಟೆ ವಿಮಾನ. ಅರ್ಜಿ ಎಲ್ಲಿ ಹಾಕಬೇಕು ಹೇಳಿ, ನಾನೂ ಬರ್ತೀನಿ.

ರೀಲ್_ನಂಬರ್_ಏಳು
@ಸುಮ್ನೆ_ಕೇಳ್ದೆ, ಒಂದು ಸಲ ಮಾಡಿ ನೋಡು ಗುರು. ಆಮೇಲೆ ಪಿಚ್ಚರ್ ಅಂದ್ರೆ ವಾಂತಿ ಬರುತ್ತೆ.

ನಾನು ಒಂದು ಚಿತ್ರೋತ್ಸವದಲ್ಲಿ ಮೂರು ವರ್ಷ ಪ್ರಿಂಟ್, ಅಂದರೆ ತೋರಿಸಲು ಬರುವ ಸಿನಿಮಾ ಪ್ರತಿಗಳನ್ನು, ನೋಡಿಕೊಳ್ಳುತ್ತಿದ್ದೆ. ಯಾವುದು ಅಂತ ಕೇಳಬೇಡಿ. ನಮ್ಮ ಪ್ರೋಗ್ರಾಮರ್ ಒಬ್ಬರು ಹಗಲು ರಾತ್ರಿ ಲ್ಯಾಪ್‌ಟಾಪ್ ಮುಂದೆ ಇರುತ್ತಿದ್ದರು. ಒಂದೊಂದು ಸಿನಿಮಾದ ಮೇಲೂ ಅವರ ಹೆಸರೇ ನೀರಿನ ಗುರುತಿನ ಹಾಗೆ ಅಚ್ಚಾಗಿರುತ್ತಿತ್ತು, ಕದ್ದು ಹೊರಗೆ ಬಿಟ್ಟರೆ ಸಿಕ್ಕಿಬೀಳಲಿ ಅಂತ. ಹತ್ತು ನಿಮಿಷಕ್ಕೇ ಇದು ಕೆಟ್ಟದ್ದು ಅಂತ ಗೊತ್ತಾಗುತ್ತದೆ. ಆದರೂ ಕೂತು ನೋಡಬೇಕು. ಯಾರೋ ಮನೆ ಅಡವಿಟ್ಟು ತೆಗೆದಿರುತ್ತಾರೆ.

ಇಷ್ಟವಾದ ಸಿನಿಮಾ ಸಿಕ್ಕರೆ ಅಲ್ಲಿಂದ ಅಸಲಿ ಕೆಲಸ ಶುರು. ಹಕ್ಕು ಯಾರ ಹತ್ತಿರ ಇದೆ? ಅವರು ಕೇಳುವ ದುಡ್ಡು ಕೊಡಲು ಆಗುತ್ತಾ? ಮೊದಲ ಪ್ರದರ್ಶನ ನಿಮಗೇ ಕೊಡ್ತಾರಾ, ದೊಡ್ಡ ಉತ್ಸವದ ಪತ್ರಕ್ಕೆ ಕಾಯ್ತಾರಾ? ಸಬ್‌ಟೈಟಲ್ ಇದೆಯಾ? ನಿರ್ದೇಶಕನಿಗೆ ವೀಸಾ ಸಿಗುತ್ತಾ? ಬೆಳಿಗ್ಗೆ 10ಕ್ಕೆ ಹಾಕಿದರೆ ಖಾಲಿ, ರಾತ್ರಿ 9ಕ್ಕೆ ಹಾಕಿದರೆ ಬಸ್ಸಿಲ್ಲ. ರೀಲಿನ ಕಾಲದಲ್ಲಿ ಇದರ ಮೇಲೆ ಸಾಗಾಟ ಬೇರೆ. ಒಂದು ಸಿನಿಮಾ ಅಂದರೆ ಐದಾರು ಡಬ್ಬ, ಇಪ್ಪತ್ತೈದು ಕೆಜಿ ಭಾರ.

ಈಗ ಡಬ್ಬ ಇಲ್ಲ, ಕೀ ಇದೆ. ಡಿಜಿಟಲ್ ಸಿನಿಮಾ ಬೀಗ ಹಾಕಿಕೊಂಡೇ ಬರುತ್ತದೆ. ಇಂಥ ಥಿಯೇಟರಿನ ಇಂಥ ಯಂತ್ರದಲ್ಲಿ, ಇಷ್ಟು ಗಂಟೆಯಿಂದ ಇಷ್ಟು ಗಂಟೆವರೆಗೆ ಮಾತ್ರ ತೆರೆಯುತ್ತದೆ. ನಮ್ಮಲ್ಲಿ ಒಂದು ಸಲ ಕೀ ಕಳಿಸಿದವರು ಗಂಟೆ ಲೆಕ್ಕ ತಪ್ಪಿಸಿದ್ದರು. ಹೌಸ್‌ಫುಲ್, ಸಿನಿಮಾ ತೆರೀತಾ ಇಲ್ಲ. ಜನ ಶಿಳ್ಳೆ ಹಾಕೋಕೆ ಶುರು ಮಾಡಿದರು. ಆಗ ಆ ಪ್ರೋಗ್ರಾಮರ್ ಮೈಕ್ ಹಿಡಿದು ನಲವತ್ತು ನಿಮಿಷ ಆ ನಿರ್ದೇಶಕನ ಕಥೆ ಹೇಳಿದರು. ಎಲ್ಲಿ ಹುಟ್ಟಿದ, ಹೇಗೆ ದುಡ್ಡು ಹೊಂದಿಸಿದ, ಇದರಲ್ಲಿ ಯಾವ ಶಾಟ್‌ಗೆ ಎಷ್ಟು ದಿನ ಕಾದ. ಒಬ್ಬರೂ ಎದ್ದು ಹೋಗಲಿಲ್ಲ. ಕೆಲಸ ಅಂದರೆ ಅದು.

ಲೆಕ್ಕದ_ಮೇಷ್ಟ್ರು
ಯಾರಾದರೂ ಬಂದು ಕಿಮ್ ಜಿ-ಸೊಕ್ ಅವರೇ ಉತ್ಸವದ ಮುಖ್ಯಸ್ಥರು ಅನ್ನುವ ಮೊದಲೇ ಹೇಳಿಬಿಡ್ತೀನಿ. ಉತ್ಸವದ ಮೊದಲ ನಿರ್ದೇಶಕರು ಕಿಮ್ ಡಾಂಗ್-ಹೊ. ಸರ್ಕಾರದಲ್ಲಿ ಸಂಸ್ಕೃತಿ ಖಾತೆಯ ಉಪಸಚಿವರಾಗಿದ್ದವರು. ಇಬ್ಬರ ಹೆಸರಲ್ಲೂ ಕಿಮ್ ಇದೆ ಅಂತ ಎಲ್ಲರೂ ಕಲಸಿಬಿಡ್ತಾರೆ. ಜಿ-ಸೊಕ್ ಪ್ರೋಗ್ರಾಮರ್ ಆಗಿ ಶುರು ಮಾಡಿ, ಕೊನೆಗೆ ಉಪನಿರ್ದೇಶಕರೂ ಮುಖ್ಯ ಪ್ರೋಗ್ರಾಮರೂ ಆಗಿದ್ದರು.

ಮೊದಲ ಉತ್ಸವ 1996ರ ಸೆಪ್ಟೆಂಬರ್ 13ರಿಂದ 21ರವರೆಗೆ. 31 ದೇಶಗಳ 173 ಚಿತ್ರ. ನೋಡಿದವರು 1,84,071. ಆಗ ಊರಿನ ಹೆಸರನ್ನೇ ಇಂಗ್ಲಿಷಿನಲ್ಲಿ ಪುಸಾನ್ ಅಂತ ಬರೆಯುತ್ತಿದ್ದರು. ಉತ್ಸವದ ಹೆಸರು ಬುಸಾನ್ ಆಗಿದ್ದು 2011ರಲ್ಲಿ.

ಸುಮ್ನೆ_ಕೇಳ್ದೆ
ಆ ಕೊನೆಯ 71ನೇ ಮನುಷ್ಯ ಯಾರು ಮೇಷ್ಟ್ರೇ?

ಟೆಂಟ್_ಟಾಕೀಸ್
ಎಲ್ಲರೂ ಹೊಗಳ್ತಿದ್ದೀರಿ. ನಾನು ಒಂಚೂರು ಉಲ್ಟಾ ಹೇಳ್ತೀನಿ.

ಉತ್ಸವದ ಸಿನಿಮಾ ಅನ್ನೋದು ಈಗ ಒಂದು ಅಚ್ಚು. ಕ್ಯಾಮೆರಾ ಅಲುಗಾಡಲ್ಲ. ಯಾರೂ ಮಾತಾಡಲ್ಲ. ಒಬ್ಬ ಬೀಡಿ ಹಚ್ಚುತ್ತಾನೆ, ಮಂಜು ಬೀಳುತ್ತೆ, ಮುಗೀತು. ಈ ಅಚ್ಚು ಮಾಡಿದವರು ಯಾರು? ಇದೇ ಪ್ರೋಗ್ರಾಮರ್‌ಗಳು. ನಮ್ಮ ಹುಡುಗರು ಯಾರಿಗೋಸ್ಕರ ಸಿನಿಮಾ ತೆಗೀತಾರೆ? ಊರಿನವರಿಗಾ, ಇಲ್ಲ ಎಲ್ಲೋ ಕೂತ ಏಳೆಂಟು ಜನರಿಗಾ? ಅವರಿಗೆ ಬೇಕಾದ ಬಡತನ, ಅವರಿಗೆ ಬೇಕಾದ ಮೌನ. ಇದನ್ನೇ ವಿಶ್ವ ಸಿನಿಮಾ ಅಂತ ನಮಗೇ ವಾಪಸ್ ಕಳಿಸ್ತಾರೆ.

ಹೆಗ್ಗೋಡು_ಸೀಮೆ
ಬೀಡಿ ಹಚ್ಚೋದು ಸರಿ ಮಾರಾಯ್ರೆ, ಮಂಜು ಬೀಳೋದು ಸಿನಿಮಾದವರ ತಪ್ಪಾ? ನಮ್ಮೂರಲ್ಲಿ ದಿನಾ ಬೀಳ್ತದೆ.

ಕತ್ತಲೆ_ಕೋಣೆ
@ಟೆಂಟ್_ಟಾಕೀಸ್, ನಿಮ್ಮ ಮಾತಲ್ಲಿ ಅರ್ಧ ನಿಜ ಇದೆ. ಉಳಿದರ್ಧಕ್ಕೆ ಒಂದು ಕಥೆ ಹೇಳ್ತೀನಿ.

ನ್ಯೂ ಕರೆಂಟ್ಸ್ ಇದ್ದದ್ದೇ ಏಷ್ಯಾದ ಹೊಸಬರ ಮೊದಲ ಅಥವಾ ಎರಡನೇ ಚಿತ್ರಕ್ಕೆ. ಹೆಸರು ಮಾಡಿದವರಿಗೆ ಅಲ್ಲಿ ಜಾಗವಿಲ್ಲ. 1998ರಲ್ಲಿ ಅದು ಚೀನಾದ ಒಬ್ಬ ಹುಡುಗನಿಗೆ ಸಿಕ್ಕಿತು. ಅವನು ತನ್ನ ಸಣ್ಣ ಊರಲ್ಲಿ, ನಟರೇ ಅಲ್ಲದವರನ್ನು ಇಟ್ಟುಕೊಂಡು, ಒಬ್ಬ ಜೇಬುಗಳ್ಳನ ಕಥೆ ತೆಗೆದಿದ್ದ. ಸರ್ಕಾರದ ಒಪ್ಪಿಗೆಯೂ ಇರಲಿಲ್ಲ. ಆ ಹುಡುಗ ಜಿಯಾ ಜಾಂಗ್‌ಕೆ. ಇಂದು ಪ್ರಪಂಚದ ದೊಡ್ಡ ನಿರ್ದೇಶಕರಲ್ಲಿ ಒಬ್ಬ.

2017ರಲ್ಲಿ ಆ ಜಿಯಾ ತಾನೇ ಚೀನಾದ ಪಿಂಗ್ಯಾವ್ ಅನ್ನುವ ಹಳೇ ಊರಲ್ಲಿ ಒಂದು ಚಿತ್ರೋತ್ಸವ ಶುರು ಮಾಡಿದ. ನಮ್ಮ ನಟೇಶ್ ಹೆಗಡೆಯ 'ಪೆಡ್ರೊ' 2021ರಲ್ಲಿ ಮೊದಲು ತೋರಿಸಿದ್ದು ಬುಸಾನ್‌ನ ನ್ಯೂ ಕರೆಂಟ್ಸ್‌ನಲ್ಲಿ. ಅದಕ್ಕೆ ಅತ್ಯುತ್ತಮ ನಿರ್ದೇಶನದ ಪ್ರಶಸ್ತಿ ಸಿಕ್ಕಿದ್ದು ಇದೇ ಪಿಂಗ್ಯಾವ್‌ನಲ್ಲಿ. ಕೊರಿಯಾದಲ್ಲಿ ಯಾರೋ ಒಬ್ಬರು ಜೇಬುಗಳ್ಳನ ಸಿನಿಮಾ ಆರಿಸಿದ್ದಕ್ಕೂ ಯಲ್ಲಾಪುರ ಕಡೆಯ ಕಾಡಿನ ಸಿನಿಮಾಕ್ಕೂ ಇರುವ ದಾರಿ ಇದು. ಯಾರೂ ಯೋಜನೆ ಹಾಕಿ ಮಾಡಿದ್ದಲ್ಲ. ಆದರೆ ಮೊದಲ ಬಾಗಿಲು ತೆಗೆದಿಟ್ಟಿರಬೇಕು, ಅಲ್ವಾ?

ಟೆಂಟ್_ಟಾಕೀಸ್
ಕಥೆ ಚೆನ್ನಾಗಿದೆ. ಆದರೂ 'ಪೆಡ್ರೊ' ನಮ್ಮ ತಾಲೂಕಿನ ಟಾಕೀಸಿಗೆ ಬರಲಿಲ್ಲ. ಅದರ ಬಗ್ಗೆ ಹೇಳಿ.

ಕತ್ತಲೆ_ಕೋಣೆ
ಅದು ಪ್ರೋಗ್ರಾಮರ್ ತಪ್ಪಲ್ಲ ಸ್ವಾಮಿ. ನಿಮ್ಮ ತಾಲೂಕಿನ ಟಾಕೀಸಿನವರನ್ನು ಕೇಳಿ.

ಟೆಂಟ್_ಟಾಕೀಸ್
ಅದು ಈಗ ಕಲ್ಯಾಣ ಮಂಟಪ.

ಬುಸಾನ್_ಶೈಲಾ
ನನ್ನ ಹೆಸರಲ್ಲೇ ಊರಿರುವುದರಿಂದ ಬಾಯಿ ಬಿಡಲೇಬೇಕು. 2013ರಿಂದ ಇಲ್ಲೇ ಇದ್ದೇನೆ. ಯಜಮಾನರು ಹಡಗು ಕಟ್ಟುವ ಕಂಪನಿಯಲ್ಲಿ ಎಂಜಿನಿಯರ್. ಸಿನಿಮಾ ಹುಚ್ಚು ನನಗೆ ಹತ್ತಿದ್ದು ಇಲ್ಲಿಗೆ ಬಂದ ಮೇಲೆ.

ಮೊದಲು ಒಂದು ವಿಷಯ. ಇದು ಸಿಯೋಲ್ ಅಲ್ಲ. ಬಂದರಿನ ಊರು. ಮೊದಲ ವರ್ಷಗಳ ಉತ್ಸವ ನಡೆದದ್ದು ನಾಂಪೊ-ಡಾಂಗ್ ಅನ್ನುವ ಹಳೇ ಪೇಟೆಯಲ್ಲಿ. ಅಲ್ಲಿಂದ ನಾಲ್ಕು ಹೆಜ್ಜೆ ನಡೆದರೆ ಜಗಲ್ಚಿ ಮೀನು ಮಾರುಕಟ್ಟೆ. ನಮ್ಮಲ್ಲಿ ಬೆಂಗಳೂರು ಬಿಟ್ಟು ಮಂಗಳೂರಿನ ಬಂದರಿನಲ್ಲಿ ಚಿತ್ರೋತ್ಸವ ಮಾಡ್ತೀವಿ ಅಂದ ಹಾಗೆ. ಕಿಮ್ ಜಿ-ಸೊಕ್ ಈ ಊರಿನವರೇ. ಈಗ ದೊಡ್ಡ ಸಿನಿಮಾ ಕಟ್ಟಡ ಬಂದಿದೆ, 2011ರಲ್ಲಿ ತೆರೆದದ್ದು. ಅದರ ಚಾವಣಿ ಒಂದೇ ಕಡೆಯ ಆಧಾರದ ಮೇಲೆ 85 ಮೀಟರ್ ಮುಂದಕ್ಕೆ ಚಾಚಿಕೊಂಡಿದೆ. ಮೊದಲ ಸಲ ಅದರ ಕೆಳಗೆ ಕೂತಾಗ ನನಗೆ ಸಿನಿಮಾಕ್ಕಿಂತ ಚಾವಣಿಯ ಚಿಂತೆಯೇ ಆಗಿತ್ತು.

ಇನ್ನು 2014. ಆ ವರ್ಷ ಏಪ್ರಿಲ್ 16ರಂದು ಸೆವೋಲ್ ಅನ್ನುವ ಪ್ರಯಾಣಿಕರ ಹಡಗು ಮುಳುಗಿ 304 ಜನ ಸತ್ತರು. ಹೆಚ್ಚಿನವರು ಶಾಲಾ ಪ್ರವಾಸಕ್ಕೆ ಹೊರಟಿದ್ದ ಮಕ್ಕಳು. ಇಡೀ ದೇಶ ಮಂಕಾಗಿತ್ತು. ಅಕ್ಟೋಬರ್‌ನ ಉತ್ಸವದಲ್ಲಿ ಆ ದುರಂತದ ರಕ್ಷಣಾ ಕೆಲಸವನ್ನು ಪ್ರಶ್ನಿಸುವ ಒಂದು ಸಾಕ್ಷ್ಯಚಿತ್ರ ಇಟ್ಟರು. ಮೇಯರ್ ಬೇಡ ಅಂದರು. ಆಗ ಸಂಘಟನಾ ಸಮಿತಿಗೆ ಮೇಯರೇ ಅಧ್ಯಕ್ಷರು, ಗೊತ್ತಿರಲಿ. ಉತ್ಸವದವರು ಕೇಳಲಿಲ್ಲ, ತೋರಿಸಿದರು.

ಆಮೇಲೆ ಶುರುವಾಯಿತು. ಲೆಕ್ಕ ತಪಾಸಣೆ, ಕೇಸು. 2015ರಲ್ಲಿ ಕೊರಿಯಾದ ಚಲನಚಿತ್ರ ಮಂಡಳಿಯ ಅನುದಾನ 146 ಕೋಟಿ ವೋನ್ ಇದ್ದದ್ದು 80 ಕೋಟಿಗೆ ಇಳಿಯಿತು. 2016ರ ಫೆಬ್ರುವರಿಯಲ್ಲಿ ಉತ್ಸವದ ನಿರ್ದೇಶಕ ಲೀ ಯಾಂಗ್-ಕ್ವಾನ್ ಹುದ್ದೆ ಕಳೆದುಕೊಂಡರು. ಅವರೂ ಜಿ-ಸೊಕ್ ಜೊತೆ 1996ರಲ್ಲಿ ಶುರು ಮಾಡಿದವರೇ. ಚಿತ್ರರಂಗದ ಸಂಘಗಳು ಉತ್ಸವವನ್ನೇ ಬಹಿಷ್ಕರಿಸಿದವು. ಜಿ-ಸೊಕ್‌ಗೆ ಒಂದು ಕಡೆ ಸ್ನೇಹಿತ ಹೊರಗೆ, ಇನ್ನೊಂದು ಕಡೆ ನೀವ್ಯಾಕೆ ಇನ್ನೂ ಒಳಗೆ ಅನ್ನುವ ಪ್ರಶ್ನೆ. ಆ ವರ್ಷವೂ ಉತ್ಸವ ನಡೆಯಿತು, ಏಷ್ಯಾದ ಚಿತ್ರಗಳೂ ಬಂದವು. ಮುಂದಿನ ಮೇನಲ್ಲಿ ಜಿ-ಸೊಕ್ ಹೋಗಿಬಿಟ್ಟರು. ವಯಸ್ಸು 57ರ ಆಸುಪಾಸು ಅನ್ನುತ್ತಾರೆ ಇಲ್ಲಿಯವರು.

ಲೆಕ್ಕದ_ಮೇಷ್ಟ್ರು
ಹುಟ್ಟಿದ್ದು 1960. ಆದ್ದರಿಂದ ಸರಿ. 2016ರಲ್ಲೇ ನಿಯಮ ಬದಲಾಗಿ ಮೇಯರ್ ಬದಲು ಹೊರಗಿನವರು ಅಧ್ಯಕ್ಷರಾದರು. ಮತ್ತೆ ಅದೇ ಕಿಮ್ ಡಾಂಗ್-ಹೊ.

ಕೊಪ್ಪಳದ_ಹುಡುಗ
ಶೈಲಕ್ಕಾ, 'ಶಿವಮ್ಮ' ಅಲ್ಲೇ ನೋಡಿದ್ರಾ?

ಬುಸಾನ್_ಶೈಲಾ
ನೋಡಿದೆ ತಮ್ಮಾ! ಪರದೆ ಮೇಲೆ ಇಂಗ್ಲಿಷ್ ಸಬ್‌ಟೈಟಲ್, ಪಕ್ಕದಲ್ಲಿ ಕೊರಿಯನ್. ಕೊಪ್ಪಳದ ಕನ್ನಡ ಕೇಳಿ ನಾನೊಬ್ಬಳೇ ಎರಡು ಸೆಕೆಂಡ್ ಮೊದಲೇ ನಗುತ್ತಿದ್ದೆ. ಪಕ್ಕದವರು ತಿರುಗಿ ನೋಡುವರು.

ಸಿನಿಮಾ ಮುಗಿದ ಮೇಲೆ ನನ್ನ ಪಕ್ಕ ಕೂತಿದ್ದ ಅಜ್ಜಿ ಏನಂದರು ಗೊತ್ತಾ? "ನನ್ನ ನಾದಿನಿಯೂ ಹೀಗೇ ಪುಡಿ ಮಾರುತ್ತಿದ್ದಳು. ನಮ್ಮೆಲ್ಲರಿಗೂ ಕೊಳ್ಳಲು ಹಚ್ಚಿದ್ದಳು. ಇನ್ನೂ ಎರಡು ಡಬ್ಬ ಮನೆಯಲ್ಲಿದೆ." ಅಪ್ಪನಿಗೆ ಹೇಳು. ಕೊರಿಯಾದವರಿಗೆ ಯರೇಹಂಚಿನಾಳ ತೋರಿಸಬೇಕಿರಲಿಲ್ಲ, ಅವರ ಮನೆಯಲ್ಲೇ ಇತ್ತು.

ಸುಮ್ನೆ_ಕೇಳ್ದೆ
ನಮ್ಮ ಅತ್ತೆ ಮನೆಯಲ್ಲಿ ಆರು ಡಬ್ಬ ಇದೆ. ಯಾರಿಗಾದರೂ ಬೇಕಾ?

ಕತ್ತಲೆ_ಕೋಣೆ
ಟೆಂಟ್ ಅಣ್ಣನಿಗೆ ಇನ್ನೊಂದು ಮಾತು. ಏಳೆಂಟು ಜನರಿಗೆ ಅಂದ್ರಲ್ಲ, 1996ರಲ್ಲಿ ಹೋದವರು ಬರೀ ಪಂಡಿತರಲ್ಲ. ಆಗ ಕೊರಿಯಾದ ಥಿಯೇಟರಿನಲ್ಲಿ ಜಪಾನಿ ಸಿನಿಮಾ ಬಿಡುವ ಹಾಗಿರಲಿಲ್ಲ. ಜಪಾನ್ ಕೊರಿಯಾವನ್ನು ಆಳಿದ ವಸಾಹತು ಕಾಲದ ಸಿಟ್ಟು. ಆ ನಿಷೇಧ ಸಡಿಲವಾಗಿದ್ದು 1998ರಲ್ಲಿ. ಅದಕ್ಕೆ ಮೊದಲೇ ಈ ಉತ್ಸವದಲ್ಲಿ ಜಪಾನಿ ಚಿತ್ರಗಳನ್ನು ದೊಡ್ಡ ಪರದೆ ಮೇಲೆ ನೋಡಬಹುದಿತ್ತು. ಹುಡುಗರು ಸಾಲು ನಿಂತಿದ್ದಕ್ಕೆ ಅದೂ ಒಂದು ಕಾರಣ.

ಟೆಂಟ್_ಟಾಕೀಸ್
ಇದು ಗೊತ್ತಿರಲಿಲ್ಲ. ಒಪ್ಪಿದೆ. ಬೀಡಿ ವಿಷಯದಲ್ಲಿ ಮಾತ್ರ ಒಪ್ಪಲ್ಲ.

ಹೆಗ್ಗೋಡು_ಸೀಮೆ
ನಮ್ಮಲ್ಲೂ ಇಂಥವರೊಬ್ಬರು ಇದ್ದರಲ್ಲ, ಪಿ.ಕೆ. ನಾಯರ್. 1964ರಲ್ಲಿ ಶುರುವಾದ ಪುಣೆಯ ರಾಷ್ಟ್ರೀಯ ಚಲನಚಿತ್ರ ಸಂಗ್ರಹಾಲಯವನ್ನು ಕಟ್ಟಿ ಬೆಳೆಸಿದವರು. ಸಂಗ್ರಹ ಅಂದರೆ ಬೀಗ ಹಾಕಿ ಇಡುವುದು ಅಂತ ಅವರು ತಿಳಿದಿರಲಿಲ್ಲ. ಡಬ್ಬಗಳನ್ನು ಊರೂರಿಗೆ ಕಳಿಸುತ್ತಿದ್ದರು.

ಹೆಗ್ಗೋಡಿನಲ್ಲಿ ಕೆ.ವಿ. ಸುಬ್ಬಣ್ಣ ಅವರು ಎಪ್ಪತ್ತರ ದಶಕದಲ್ಲಿ ಚಿತ್ರಸಮಾಜ ಶುರು ಮಾಡಿದಾಗ, ಅಡಿಕೆ ತೋಟದವರಿಗೆ ಜಪಾನಿನ ಕುರೊಸಾವ, ಸ್ವೀಡನ್ನಿನ ಬರ್ಗ್‌ಮನ್ ಸಿನಿಮಾ ಎಲ್ಲ ಅರ್ಥ ಆಗ್ತದಾ ಅಂತ ನಕ್ಕವರಿದ್ದರು. ಪುಣೆಯ ಸತೀಶ್ ಬಹಾದೂರ್ ಬಂದು ರಸಗ್ರಹಣದ ಪಾಠ ಮಾಡಿದರು. ನಾನು ಆಗ ಸಣ್ಣವನು. ಸೈಕಲ್ ಕಳವಾಗುವ ಇಟಲಿಯ ಸಿನಿಮಾ ಇದೆಯಲ್ಲ, ಅದನ್ನು ನೋಡಿ ನಮ್ಮ ಮನೆಗೆ ಅಡಿಕೆ ಕೊನೆ ಕೊಯ್ಯಲು ಬರುತ್ತಿದ್ದ ಮಂಜಣ್ಣ ಒಂದು ವಾರ ತನ್ನ ಸೈಕಲ್ಲಿಗೆ ಎರಡು ಬೀಗ ಹಾಕಿದ್ದ. ಅರ್ಥ ಆಗದೆ ಹಾಕ್ತಾನಾ?

ನಾಯರ್ ಬಗ್ಗೆ 2012ರಲ್ಲಿ 'ಸೆಲ್ಯುಲಾಯ್ಡ್ ಮ್ಯಾನ್' ಅಂತ ಸಾಕ್ಷ್ಯಚಿತ್ರ ಬಂದಿದೆ. ಅದರಲ್ಲಿ ನಮ್ಮ ಕಡೆಯ ರೈತರೂ ಇದ್ದಾರೆ. ಹುಡುಕಿ ನೋಡಿ.

ರೀಲ್_ನಂಬರ್_ಏಳು
ನಾಯರ್ ಸಾಹೇಬರು ಕತ್ತಲಲ್ಲಿ ಸಣ್ಣ ಟಾರ್ಚ್ ಹಿಡಿದು ಪುಸ್ತಕದಲ್ಲಿ ಬರೆದುಕೊಳ್ತಾ ಸಿನಿಮಾ ನೋಡುತ್ತಿದ್ದರು. ನಮ್ಮ ಲೈನಿನಲ್ಲಿ ಅದು ದಂತಕಥೆ. ನಾನೂ ಒಂದು ಸಲ ಪ್ರಯತ್ನ ಮಾಡಿದೆ. ಹಿಂದಿನವರು ಬೈದರು.

ಹುಲಿ_ಮಾರ್ಕ್
ನೀವು ಯಾರೂ ಹ್ಯೂಬರ್ಟ್ ಬಾಲ್ಸ್ ಹೆಸರೇ ಎತ್ತಲಿಲ್ಲ! 1972ರಲ್ಲಿ ನೆದರ್ಲೆಂಡ್ಸಿನ ರಾಟರ್‌ಡ್ಯಾಮ್ ಚಿತ್ರೋತ್ಸವ ಶುರು ಮಾಡಿದವರು. ಮೊದಲ ರಾತ್ರಿ ಬಂದವರು 17 ಜನ. ಹದಿನೇಳು. ಹಾಲಿವುಡ್ ಕಂಪನಿಯ ಸಿಂಹಕ್ಕೆ ಎದುರಾಗಿ ಉತ್ಸವಕ್ಕೆ ಹುಲಿಯ ಗುರುತು ಇಟ್ಟರು. 1988ರಲ್ಲಿ ತೀರಿಕೊಂಡ ಮೇಲೆ ಅವರ ಹೆಸರಲ್ಲೇ ಒಂದು ನಿಧಿ ಬಂತು. ಏಷ್ಯಾ, ಆಫ್ರಿಕಾ, ಲ್ಯಾಟಿನ್ ಅಮೆರಿಕದ ಸಿನಿಮಾಗಳಿಗೆ ದುಡ್ಡು ಕೊಡುತ್ತದೆ. 2003ರಲ್ಲಿ ಗಿರೀಶ್ ಕಾಸರವಳ್ಳಿ ಅವರ ಚಿತ್ರಗಳ ಸಿಂಹಾವಲೋಕನ ನಡೆದದ್ದೂ ಇದೇ ರಾಟರ್‌ಡ್ಯಾಮ್‌ನಲ್ಲಿ.

ಸುಮ್ನೆ_ಕೇಳ್ದೆ
ಹುಲಿಯ ಉತ್ಸವದಲ್ಲಿ ಸಿಂಹಾವಲೋಕನ. ಸರಿ.

ಲೆಕ್ಕದ_ಮೇಷ್ಟ್ರು
ಬುಸಾನ್‌ನಲ್ಲೂ 2017ರಲ್ಲಿ ಕಿಮ್ ಜಿ-ಸೊಕ್ ಹೆಸರಿನ ಪ್ರಶಸ್ತಿ ಶುರುವಾಯಿತು. 2019ರಲ್ಲಿ ಮೇಘಾಲಯದ ಪ್ರದೀಪ್ ಕುರ್ಬಾ ಅವರ ಖಾಸಿ ಭಾಷೆಯ 'ಇಯೂದುಹ್'ಗೆ ಸಿಕ್ಕಿತು. ಶಿಲ್ಲಾಂಗ್ ಸಂತೆಯ ಕಥೆ. ಖಾಸಿ ಸಿನಿಮಾ ಇದೆ ಅಂತ ನಮ್ಮಲ್ಲಿ ಎಷ್ಟು ಜನರಿಗೆ ಗೊತ್ತಿತ್ತು, ಕೈ ಎತ್ತಿ.

ಟೆಂಟ್_ಟಾಕೀಸ್
ಮೇಷ್ಟ್ರು ಕ್ಲಾಸ್ ತಗೊಳ್ಳೋಕೆ ಶುರು ಮಾಡಿದರು.

ಕೊಪ್ಪಳದ_ಹುಡುಗ
ಎಲ್ಲರಿಗೂ ಥ್ಯಾಂಕ್ಸ್. ತಂಗಿ ಎಲ್ಲಾ ಓದಿದಳು. ಅವಳ ಪ್ರಶ್ನೆ: ಸಂಬಳ ಎಷ್ಟು ಬರುತ್ತೆ, ಎಲ್ಲಿಂದ ಶುರು ಮಾಡಬೇಕು?

ರೀಲ್_ನಂಬರ್_ಏಳು
ಸಂಬಳದ ವಿಷಯ ಚಿಕ್ಕಮ್ಮನ ಮುಂದೆ ಎತ್ತಬೇಡಿ. ನಾನಿದ್ದ ಕಡೆ ಉತ್ಸವಕ್ಕೆ ಮೊದಲು ನಾಲ್ಕೈದು ತಿಂಗಳು ಗುತ್ತಿಗೆ, ಆಮೇಲೆ ಕೈ ಬೀಸಿಕೊಂಡು ಮನೆಗೆ. ಒಬ್ಬರು ಕಾಲೇಜಿನಲ್ಲಿ ಪಾಠ ಮಾಡುತ್ತಿದ್ದರು, ಇನ್ನೊಬ್ಬರು ಅನುವಾದ. ಇದೊಂದನ್ನೇ ನಂಬಿದವರನ್ನು ನಾನು ಕಂಡಿಲ್ಲ.

ತಂಗಿಗೆ ಹೇಳಿ, ಮೊದಲು ಸಬ್‌ಟೈಟಲ್ ಮಾಡೋದು ಕಲೀಲಿ. ಒಂದು ಸಿನಿಮಾವನ್ನು ಸಾಲು ಸಾಲಾಗಿ ನೂರು ಸಲ ನೋಡುವುದಕ್ಕೆ ಬೇರೆ ದಾರಿಯಿಲ್ಲ. ಅದರ ಜೊತೆ ಒಂದು ಫಿಲ್ಮ್ ಸೊಸೈಟಿ ಸೇರಲಿ. ಬೆಂಗಳೂರಲ್ಲಿದ್ದರೆ ಬನಶಂಕರಿಯ ಸುಚಿತ್ರಾ ಇದೆ, 1971ರದ್ದು. ಊರಲ್ಲಿ ಇಲ್ಲದಿದ್ದರೆ ತಾನೇ ಶುರು ಮಾಡಲಿ. ಹತ್ತು ಜನರನ್ನು ಎರಡು ಗಂಟೆ ಕೂರಿಸಲಿಕ್ಕೆ ಬಂದರೆ ಮುಂದಿನದು ನೋಡೋಣ.

ನಿರ್ವಾಹಕ
ಹಕ್ಕು ಪಡೆಯದೆ ತೋರಿಸುವ ವಿಚಾರ, ಡೌನ್‌ಲೋಡ್ ಕೊಂಡಿ ಇಲ್ಲಿ ಹಾಕಬೇಡಿ. ಎರಡು ಉತ್ತರ ಅಳಿಸಿದ್ದೇನೆ. ಯಾರದ್ದು ಅಂತ ಅವರಿಗೇ ಗೊತ್ತು.

ಸುಮ್ನೆ_ಕೇಳ್ದೆ
ಕ್ಷಮಿಸಿ.

ಕೊಪ್ಪಳದ_ಹುಡುಗ
ಎರಡು ತಿಂಗಳ ಮೇಲೆ ವಾಪಸ್ ಬಂದಿದ್ದೇನೆ.

ತಂಗಿ ನೇಪಾಳದ ಒಬ್ಬ ಹೊಸ ನಿರ್ದೇಶಕಿಗೆ ಮೇಲ್ ಬರೆದಳು. ಇಪ್ಪತ್ತೆರಡು ನಿಮಿಷದ ಚಿತ್ರ. "ನಿಮ್ಮ ಹಳ್ಳಿಯಲ್ಲಿ ತೋರಿಸ್ತೀರಾ? ದುಡ್ಡು ಬೇಡ, ಫೋಟೊ ಕಳಿಸಿ" ಅಂತ ಉತ್ತರ ಬಂತು. ತಂಗಿ ಕೂತು ಕನ್ನಡ ಸಬ್‌ಟೈಟಲ್ ಮಾಡಿದಳು, ಮೂರು ವಾರ ಹಿಡೀತು. ಮೊದಲು ಪುಸ್ತಕದ ಕನ್ನಡದಲ್ಲಿ ಮಾಡಿದ್ದಳು. ಅಜ್ಜಿಗೆ ಓದಿ ಹೇಳಿದಾಗ "ಯಾರವ್ವ ಹಿಂಗ್ ಮಾತಾಡ್ತಾರ?" ಅಂದರು. ಎಲ್ಲಾ ಅಳಿಸಿ ನಮ್ಮ ಮಾತಲ್ಲೇ ಬರೆದಳು. ಹೋದ ಭಾನುವಾರ ಸಮುದಾಯ ಭವನದಲ್ಲಿ ಹಾಕಿದೆವು. ಪ್ರೊಜೆಕ್ಟರ್ ಶಾಲೆಯದ್ದು, ಪರದೆ ನಮ್ಮ ಮನೆಯ ಬಿಳಿ ಪಂಚೆ ಎರಡು ಸೇರಿಸಿ ಹೊಲಿದದ್ದು. ಹನ್ನೊಂದನೇ ನಿಮಿಷಕ್ಕೆ ಕರೆಂಟ್ ಹೋಯಿತು.

ರೀಲ್_ನಂಬರ್_ಏಳು
ಆಗ ತಂಗಿ ಏನು ಮಾಡಿದಳು?

ಕೊಪ್ಪಳದ_ಹುಡುಗ
ನೀವು ಹೇಳಿದ ಕಥೆ ನೆನಪಿತ್ತು ಅವಳಿಗೆ. ಎದ್ದು ನಿಂತು ಮಾತಾಡೋಕೆ ಶುರು ಮಾಡಿದಳು. ಐದು ನಿಮಿಷಕ್ಕೆ ಹೇಳೋದೆಲ್ಲಾ ಮುಗೀತು. ಆಮೇಲೆ ಅಪ್ಪ ಎದ್ದು 'ಶಿವಮ್ಮ' ಕೊರಿಯಾಕ್ಕೆ ಹೋದ ಕಥೆ ಹೇಳಿದರು. ಆ ಅಜ್ಜಿಯ ನಾದಿನಿ, ಪುಡಿ ಡಬ್ಬ ಎಲ್ಲಾ ಸೇರಿಸಿ. ಡಬ್ಬ ಎರಡಿದ್ದದ್ದು ಇಪ್ಪತ್ತಾಗಿತ್ತು.

ಲೆಕ್ಕದ_ಮೇಷ್ಟ್ರು
ಎಷ್ಟು ಜನ ಬಂದಿದ್ದರು? ಸರಿಯಾದ ಲೆಕ್ಕ ಹೇಳಿ.

ಕೊಪ್ಪಳದ_ಹುಡುಗ
ಶುರುವಿಗೆ 26. ಕರೆಂಟ್ ವಾಪಸ್ ಬಂದಾಗ 19.

ಹುಲಿ_ಮಾರ್ಕ್
ರಾಟರ್‌ಡ್ಯಾಮ್‌ಗಿಂತ ಎರಡು ಜಾಸ್ತಿ!

ಟೆಂಟ್_ಟಾಕೀಸ್
ಅದೆಲ್ಲಾ ಇರಲಿ. ಮಂಜು ಬಿತ್ತಾ?

ಕೊಪ್ಪಳದ_ಹುಡುಗ
ನೇಪಾಳ ಅಲ್ವಾ ಅಣ್ಣಾ. ಬಿತ್ತು.